ಹಳೆಯ ಜಪಾನಿ ಸೂಪರ್‌ಹೀರೋ ಧಾರಾವಾಹಿಗಳನ್ನು ಟೇಪಿನಿಂದ ಉಳಿಸುವುದು ಹೇಗೆ?

ಅಲ್ಟ್ರಾಮ್ಯಾನ್ (1966), ಜೈಂಟ್ ರೋಬೋ (1967), ಕಾಮೆನ್ ರೈಡರ್ (1971), ಗೊರೆಂಜರ್ (1975) ಮುಂತಾದ ಟೊಕುಸಾತ್ಸು, ಅಂದರೆ ವಿಶೇಷ ದೃಶ್ಯತಂತ್ರದ, ಧಾರಾವಾಹಿಗಳ ಕಂತುಗಳು ಬಹುಮಟ್ಟಿಗೆ ಸುರಕ್ಷಿತವಾಗಿವೆ. ಇವುಗಳಲ್ಲಿ ಹೆಚ್ಚಿನವನ್ನು 16 ಮಿ.ಮೀ. ಫಿಲ್ಮಿನಲ್ಲಿ ತೆಗೆದದ್ದರಿಂದ ನೆಗೆಟಿವ್ ಉಳಿಯಿತು. ಅದೇ ಕಾಲದ ಸ್ಟುಡಿಯೋ ಕಾರ್ಯಕ್ರಮಗಳಿಗೆ ಆ ಭಾಗ್ಯ ಇರಲಿಲ್ಲ. 2 ಇಂಚಿನ ವಿಡಿಯೋ ಟೇಪು ತುಂಬಾ ದುಬಾರಿಯಾಗಿತ್ತು, ಕೇಂದ್ರಗಳು ಒಂದರ ಮೇಲೆ ಇನ್ನೊಂದನ್ನು ಮುದ್ರಿಸಿ ಹಳೆಯದನ್ನು ಅಳಿಸಿಬಿಡುತ್ತಿದ್ದವು. ಜಪಾನಿನ ಸಾರ್ವಜನಿಕ ಪ್ರಸಾರ ಸಂಸ್ಥೆ ಎನ್‌ಎಚ್‌ಕೆ ತನ್ನದೇ ಹಳೆಯ ಕಾರ್ಯಕ್ರಮಗಳಿಗಾಗಿ ವೀಕ್ಷಕರ ಮನೆಯ ಟೇಪುಗಳನ್ನು ಕೇಳಿ ಪಡೆಯುತ್ತಿರುವುದು ಇದೇ ಕಾರಣಕ್ಕೆ.

ಹಾಗಾದರೆ ಅಭಿಮಾನಿಗಳು ಉಳಿಸಬೇಕಾದದ್ದು ಏನು? ಕಂತಿನ ಸುತ್ತ ಇದ್ದದ್ದು. ಪ್ರಾಯೋಜಕರ ಹೆಸರು ತೋರಿಸುವ ಫಲಕ, ಪೋಪಿ ಕಂಪನಿಯ ಆಟಿಕೆ ಜಾಹೀರಾತು, ಮುಂದಿನ ವಾರದ ಝಲಕ್, ಕೇಂದ್ರದ ಗಡಿಯಾರ, ಬೇರೆ ದೇಶಗಳ ಡಬ್ಬಿಂಗ್ ಧ್ವನಿ. ಡಿವಿಡಿ ಮಾಡುವಾಗ ಇವುಗಳಲ್ಲಿ ಹೆಚ್ಚಿನವು ಕತ್ತರಿಗೆ ಸಿಗುತ್ತವೆ. ಇವು ಉಳಿದಿರುವುದು ಯಾರದೋ ಮನೆಯ ಅಟ್ಟದ ಮೇಲಿನ ಕ್ಯಾಸೆಟ್‌ನಲ್ಲಿ ಮಾತ್ರ, ಮತ್ತು ಆ ಕ್ಯಾಸೆಟ್ ಓದುವ ಯಂತ್ರಗಳು ಕಡಿಮೆಯಾಗುತ್ತಿವೆ. ಸೋನಿ ಬೀಟಾಮ್ಯಾಕ್ಸ್ ಡೆಕ್ ತಯಾರಿಕೆಯನ್ನು 2002ರಲ್ಲಿ ನಿಲ್ಲಿಸಿತು. ವಿಎಚ್‌ಎಸ್ ಡೆಕ್ ಮಾಡುತ್ತಿದ್ದ ಕೊನೆಯ ಕಂಪನಿ ಫುನಾಯ್ 2016ರಲ್ಲಿ ಕೈಬಿಟ್ಟಿತು.

ಮೊದಲು ಆಯ್ಕೆ

ಟೇಪು ಕೈಗೆ ಬಂದ ಕೂಡಲೇ ಯಂತ್ರಕ್ಕೆ ಹಾಕಬೇಡಿ. ಅದರಲ್ಲಿರುವುದು ಅಧಿಕೃತವಾಗಿ ಎಲ್ಲಾದರೂ ಸಿಗುತ್ತದೆಯೇ ಎಂದು ನೋಡಿ. ಕಾಮೆನ್ ರೈಡರ್ ತಯಾರಿಸಿದ ತೋಯೆ ಕಂಪನಿ 2020ರಲ್ಲಿ ಹೊರದೇಶದ ವೀಕ್ಷಕರಿಗಾಗಿ ಯೂಟ್ಯೂಬ್ ವಾಹಿನಿ ತೆರೆದಿದೆ, ಅಲ್ಟ್ರಾಮ್ಯಾನ್ ತಯಾರಿಸಿದ ತ್ಸುಬುರಾಯಾಗೂ ತನ್ನದೇ ವಾಹಿನಿ ಇದೆ. ಅಲ್ಲಿ ಶುದ್ಧ ಪ್ರತಿ ಇರುವ ಕಂತನ್ನು ಟೇಪಿನಿಂದ ಇಳಿಸಿ ಮತ್ತೆ ಜಾಲಕ್ಕೆ ಏರಿಸುವುದರಿಂದ ಯಾರಿಗೂ ಲಾಭವಿಲ್ಲ, ಹಕ್ಕುದಾರರು ತೆಗೆಸುತ್ತಾರೆ ಅಷ್ಟೇ. ಅದೇ ಕಂತಿನ ಪ್ರಸಾರದ ಪ್ರತಿ ಜಾಹೀರಾತು ಸಮೇತ ಇದ್ದರೆ, ಅಥವಾ ಅದು ಡಬ್ಬಿಂಗ್ ಆಗಿದ್ದರೆ, ಬೆಲೆ ಬೇರೆ.

ಡಬ್ಬಿಂಗ್ ವಿಚಾರದಲ್ಲಿ ನಮ್ಮವರಿಗೆ ನೇರ ಸಂಬಂಧವಿದೆ. ಜೈಂಟ್ ರೋಬೋದ 26 ಕಂತುಗಳ ಇಂಗ್ಲಿಷ್ ರೂಪ 1980ರ ದಶಕದಲ್ಲಿ ದೂರದರ್ಶನದಲ್ಲಿ ಬಂದಿತ್ತು. ಆಗ ವಿಸಿಆರ್ ಇದ್ದ ಮನೆಗಳಲ್ಲಿ ಅದರ ತುಣುಕು ಸಿಕ್ಕರೆ, ಹಿಂದೆಮುಂದೆ ದೂರದರ್ಶನದ ಪ್ರಕಟಣೆಯೋ ಜಾಹೀರಾತೋ ಇದ್ದರೆ, ಅದು ಜಪಾನಿನ ಯಾವ ಭಂಡಾರದಲ್ಲೂ ಇಲ್ಲದ ವಸ್ತು. ಬ್ರೆಜಿಲ್‌ನಲ್ಲಿ 1988ರಿಂದ ಮಂಚೇಟೆ ವಾಹಿನಿಯಲ್ಲಿ ಬಂದ ಜಾಸ್ಪಿಯನ್, 1974ರಲ್ಲಿ ಹವಾಯಿಯ ಕಿಕು ವಾಹಿನಿಯಲ್ಲಿ ಸಬ್‌ಟೈಟಲ್ ಸಮೇತ ಬಂದ ಕಿಕೈಡರ್ ಕೂಡ ಇದೇ ಬಗೆಯವು.

ಕಾನೂನಿನ ಲೆಕ್ಕ ತಿಳಿದಿರಲಿ. ಸಿನಿಮಾ ಕೃತಿಗೆ ಭಾರತದಲ್ಲಿ ಪ್ರಕಟಣೆಯ ಮರುವರ್ಷದಿಂದ 60 ವರ್ಷ, ಜಪಾನಿನಲ್ಲಿ 70 ವರ್ಷ ಹಕ್ಕು ಇರುತ್ತದೆ. ಸಂಗೀತ, ಅನುವಾದ, ಪಾತ್ರದ ಹಕ್ಕುಗಳು ಬೇರೆ. ಆದ್ದರಿಂದ ಮನೆಯಲ್ಲಿ ಸಂರಕ್ಷಣಾ ಪ್ರತಿ ಮಾಡುವುದನ್ನೂ ಅದನ್ನು ಬಹಿರಂಗವಾಗಿ ಹಂಚುವುದನ್ನೂ ಎರಡು ಪ್ರತ್ಯೇಕ ನಿರ್ಧಾರಗಳಾಗಿಯೇ ಇಟ್ಟುಕೊಳ್ಳಿ. ಕೆಲವು ವಸ್ತುಗಳಲ್ಲಿ ಈ ವ್ಯತ್ಯಾಸ ಬರೀ ಕಾನೂನಿನದಲ್ಲ. 1967ರಲ್ಲಿ ಪ್ರಸಾರವಾದ ಅಲ್ಟ್ರಾಸೆವೆನ್‌ನ 12ನೇ ಕಂತು ಅಣುಬಾಂಬ್ ಸಂತ್ರಸ್ತರಿಗೆ ನೋವು ಕೊಡುತ್ತದೆಂಬ ಪ್ರತಿಭಟನೆಯ ನಂತರ ತಯಾರಕರು 1970ರಲ್ಲಿ ಅದನ್ನು ಹಿಂದೆಗೆದುಕೊಂಡರು. ಅಧಿಕೃತ ಸಂಪುಟಗಳಲ್ಲಿ ಇಂದಿಗೂ ಅದಿಲ್ಲ. ಅಂಥದ್ದರ ಪ್ರತಿ ಕೆಡದಂತೆ ಕಾಪಾಡುವುದು ಸರಿ. ಹಿನ್ನೆಲೆಯೇ ಹೇಳದೆ "ನಿಷೇಧಿತ ಕಂತು" ಎಂದು ಹಣೆಪಟ್ಟಿ ಹಚ್ಚಿ ಹರಡುವುದು ಸರಿಯಲ್ಲ.

ಟೇಪನ್ನು ಗುರುತಿಸುವುದು

ಕ್ಯಾಸೆಟ್ ಮೇಲೆ ಟಿ-120 ಎಂದಿದ್ದರೆ ಅದು ಜಪಾನ್ ಅಥವಾ ಅಮೆರಿಕದ ಅಳತೆಯ ವಿಎಚ್‌ಎಸ್, ಎಂದರೆ ಆ ದೇಶಗಳ ಟಿವಿ ವ್ಯವಸ್ಥೆಯಾದ ಎನ್‌ಟಿಎಸ್‌ಸಿಯಲ್ಲಿ ಮಾಮೂಲಿ ವೇಗಕ್ಕೆ 120 ನಿಮಿಷ. ಇ-180 ಎಂದಿದ್ದರೆ ಪಾಲ್ ಎಂಬ ಟಿವಿ ವ್ಯವಸ್ಥೆಯ ದೇಶಗಳದ್ದು. ಭಾರತದ ಮನೆಗಳಲ್ಲಿ ಕಾಣುವುದು ಹೆಚ್ಚಾಗಿ ಇದೇ. ಎಲ್-500, ಎಲ್-750 ಎಂದಿದ್ದರೆ ಬೀಟಾಮ್ಯಾಕ್ಸ್. ಇದು ಖಾಲಿ ಟೇಪಿನ ಗುರುತು ಮಾತ್ರ, ದುಬೈನಲ್ಲಿ ಕೊಂಡ ಟಿ-120ರಲ್ಲಿ ಪಾಲ್ ಮುದ್ರಣ ಇರಬಹುದು. ಓಡಿಸಿ ನೋಡಿದ ಮೇಲೆಯೇ ಖಾತ್ರಿ.

ಜಪಾನಿನ ಲೇಬಲ್‌ಗಳಲ್ಲಿ ವೇಗವನ್ನು "ಹ್ಯೋಜುನ್" ಅಥವಾ "3 ಬಾಯ್" ಎಂದು ಗುರುತು ಮಾಡಿರುತ್ತಾರೆ. ಮೊದಲನೆಯದು ಮಾಮೂಲಿ ವೇಗ, ಸೆಕೆಂಡಿಗೆ 33.35 ಮಿ.ಮೀ. ಎರಡನೆಯದು ಅದರ ಮೂರನೇ ಒಂದು ಭಾಗ, ಸುಮಾರು 11.1 ಮಿ.ಮೀ. ದುಬಾರಿ ಟೇಪಿನಲ್ಲಿ 2 ಗಂಟೆಯ ಬದಲು 6 ಗಂಟೆ ತುಂಬಿಸಲು ಅಭಿಮಾನಿಗಳು ಎರಡನೆಯದನ್ನೇ ಹೆಚ್ಚು ಬಳಸಿದ್ದಾರೆ. ಅದರಲ್ಲಿ ಪ್ರತಿ ಜಾಡು ತೀರಾ ಕಿರಿದು, ಮುದ್ರಿಸಿದ ಡೆಕ್ ಮತ್ತು ಓದುವ ಡೆಕ್ ನಡುವಿನ ಸಣ್ಣ ವ್ಯತ್ಯಾಸವೂ ಚಿತ್ರದಲ್ಲಿ ಗದ್ದಲವಾಗಿ ಕಾಣುತ್ತದೆ.

ಲೇಬಲ್ ಮೇಲಿನ ವರ್ಷವನ್ನು ಹಾಗೆಯೇ ನಂಬಬೇಡಿ. ಬೀಟಾಮ್ಯಾಕ್ಸ್ ಮಾರುಕಟ್ಟೆಗೆ ಬಂದದ್ದು 1975ರಲ್ಲಿ, ವಿಎಚ್‌ಎಸ್ 1976ರಲ್ಲಿ. "ಕಾಮೆನ್ ರೈಡರ್ 1971" ಎಂದು ಬರೆದ ವಿಎಚ್‌ಎಸ್‌ನಲ್ಲಿ ಇರುವುದು ಮರುಪ್ರಸಾರವೇ. ಯಾವ ಕಾಲದ ಮರುಪ್ರಸಾರ ಎಂದು ಹೇಳುವುದು ನಡುವೆ ಬರುವ ಜಾಹೀರಾತುಗಳು. ಅವನ್ನು ಕತ್ತರಿಸದೆ ಇಡಲು ಇದೊಂದೇ ಕಾರಣ ಸಾಕು.

ಒಣಗಿಸುವುದು, ಶುಚಿ ಮಾಡುವುದು

ಕ್ಯಾಸೆಟ್ಟಿನ ಗಾಜುಕಿಂಡಿಯ ಮೂಲಕ ಟಾರ್ಚ್ ಹಾಕಿ ಸುರುಳಿಯ ಅಂಚು ನೋಡಿ. ನುಣುಪಾದ ಕಪ್ಪು ಅಥವಾ ಕಂದು ಮೇಲ್ಮೈ ಇರಬೇಕು. ಬಿಳಿ ಪುಡಿ, ಜೇಡರ ಬಲೆಯಂಥ ಎಳೆ ಕಂಡರೆ ಅದು ಬೂಷ್ಟು. ಮಲೆನಾಡು, ಕರಾವಳಿಯ ಮನೆಗಳಲ್ಲಿ ನಾಲ್ಕು ಮಳೆಗಾಲ ಕಂಡ ಕ್ಯಾಸೆಟ್‌ಗಳಲ್ಲಿ ಇದು ಮಾಮೂಲು. ಜಪಾನಿನ ಬೇಸಿಗೆಯೂ ಅಷ್ಟೇ ಜಿಗುಟಾದ್ದರಿಂದ ಅಲ್ಲಿಂದ ಹರಾಜಿನಲ್ಲಿ ತರಿಸಿದ ಟೇಪುಗಳಲ್ಲೂ ಸಿಗುತ್ತದೆ.

ಬೂಷ್ಟು ಹಿಡಿದ ಟೇಪನ್ನು ಒಳ್ಳೆಯ ಡೆಕ್‌ಗೆ ಹಾಕಿದರೆ ಮೂರು ಅನಾಹುತ ಒಟ್ಟಿಗೆ ಆಗುತ್ತವೆ. ಟೇಪನ್ನು ಓದುವ ಹೆಡ್ ಮುಚ್ಚಿಹೋಗುತ್ತದೆ, ಅಂಟಿಕೊಂಡ ಪದರು ಟೇಪನ್ನೇ ಹರಿಯುತ್ತದೆ, ಮುಂದೆ ಹಾಕುವ ಪ್ರತಿ ಟೇಪಿಗೂ ಬೀಜಕಣ ಹತ್ತುತ್ತದೆ. ಮೊದಲು ಅದನ್ನು ಸಿಲಿಕಾ ಜೆಲ್ ಪೊಟ್ಟಣಗಳ ಜೊತೆ ಗಾಳಿಯಾಡದ ಡಬ್ಬಿಯಲ್ಲಿ ಎರಡು ವಾರ ಇಡಿ. ಒಣಗಿದ ಬೂಷ್ಟು ಪುಡಿಯಾಗಿ ಉದುರುತ್ತದೆ, ಒದ್ದೆಯದು ಮೆತ್ತಿಕೊಳ್ಳುತ್ತದೆ. ನಂತರ ಎನ್-95 ಮುಖಗವಸು ಹಾಕಿಕೊಂಡು, ಮನೆಯೊಳಗಲ್ಲ, ಹೊರಗೆ ಕೂತು ಕೆಲಸ ಮಾಡಿ. ವಿಎಚ್‌ಎಸ್ ಕವಚಕ್ಕೆ ಅಡಿಯಲ್ಲಿ 5 ಸ್ಕ್ರೂ ಇರುತ್ತವೆ. ಬಿಚ್ಚುವ ಮುನ್ನ ಮತ್ತು ಬಿಚ್ಚಿದ ಮೇಲೆ ಒಳಗಿನ ಜೋಡಣೆಯ ಫೋಟೋ ತೆಗೆಯಿರಿ, ಟೇಪು ಸಾಗುವ ದಾರಿಯಲ್ಲಿ ಒಂದು ಪಿನ್ ತಪ್ಪಿದರೂ ಮತ್ತೆ ಜೋಡಿಸಿದಾಗ ಸಿಕ್ಕಿಬೀಳುತ್ತದೆ. ಸುರುಳಿಯ ಅಂಚನ್ನು ಒಣ ಮೆತ್ತನೆಯ ಬ್ರಷ್‌ನಿಂದ ಗುಡಿಸಿ. ಆಮೇಲೆ ಕೆಟ್ಟರೂ ಚಿಂತೆಯಿಲ್ಲದ ಹಳೆಯ ಡೆಕ್ ಒಂದರಲ್ಲಿ, ಹೆಡ್ ಡ್ರಮ್ಮಿಗೆ ತಾಗದಂತೆ, ಎಳೆ ಬಿಡದ ಬಟ್ಟೆಯ ನಡುವೆ ಟೇಪನ್ನು ಹಾಯಿಸಿ ಆ ತುದಿಯಿಂದ ಈ ತುದಿಗೆ ಸುತ್ತಿಸಿ. ನೀರು, ಸ್ಪಿರಿಟ್ ಟೇಪಿಗೆ ತಾಗಿಸಬೇಡಿ. ಟೇಪನ್ನು ಓವನ್‌ನಲ್ಲಿ ಕಾಯಿಸಬೇಕೆಂಬ ಸಲಹೆ ಕೆಲವು ಸ್ಟುಡಿಯೋ ಟೇಪುಗಳ ಅಂಟುರೋಗಕ್ಕೆ ಸಂಬಂಧಿಸಿದ್ದು. ಮನೆಬಳಕೆಯ ವಿಎಚ್‌ಎಸ್‌ಗೆ ಅದು ಬೇಡ.

ಕವಚ ಮುರಿದಿದ್ದರೆ ಹೊಸ ಖಾಲಿ ಕ್ಯಾಸೆಟ್ಟಿನ ಕವಚಕ್ಕೆ ಸುರುಳಿಗಳನ್ನು ಬದಲಿಸಿ, ಹಳೆಯ ಲೇಬಲ್ ಎಸೆಯದೆ ಜೊತೆಗೇ ಇಡಿ. ಮುದ್ರಣ ತಡೆಯುವ ಹಲ್ಲು ಇದ್ದರೆ ಮುರಿದುಬಿಡಿ, ಇಲ್ಲವಾದರೆ ತಪ್ಪಾಗಿ ಒತ್ತಿದ ಒಂದು ಗುಂಡಿ ಎಲ್ಲವನ್ನೂ ಅಳಿಸಬಲ್ಲದು. ಓಡಿಸುವ ಹಿಂದಿನ ದಿನವೇ ಟೇಪನ್ನು ಡೆಕ್ ಇರುವ ಕೋಣೆಗೆ ತಂದಿಡಿ. ಮೊದಲು ಕೊನೆಯವರೆಗೆ ಓಡಿಸಿ ಹಿಂದಕ್ಕೆ ಸುತ್ತಿ, ಆಮೇಲೆ ಪ್ಲೇ ಮಾಡಿ. ವರ್ಷಗಟ್ಟಲೆ ಒಂದೇ ಬಿಗಿಯಲ್ಲಿದ್ದ ಸುರುಳಿ ಹೀಗೆ ಸಡಿಲಗೊಂಡು ಸಮನಾಗುತ್ತದೆ.

ಡೆಕ್, ಕೇಬಲ್, ಕಾರ್ಡ್

ಭಾರತದಲ್ಲಿ ಮಾರಿದ ವಿಸಿಆರ್‌ಗಳು ಪಾಲ್ ವ್ಯವಸ್ಥೆಯವು. ಅವುಗಳಲ್ಲಿ ಹಲವು "ಎನ್‌ಟಿಎಸ್‌ಸಿ ಪ್ಲೇಬ್ಯಾಕ್" ಎಂದು ತೋರಿಸುತ್ತವೆ. ಆದರೆ ಹೊರಬರುವುದು ಪಾಲ್ ಬಣ್ಣ ಹಚ್ಚಿದ 60 ಹರ್ಟ್ಸ್‌ನ ಮಿಶ್ರ ಸಿಗ್ನಲ್. ಟಿವಿ ಅದನ್ನು ತೋರಿಸುತ್ತದೆ, ಸಿಗ್ನಲನ್ನು ಕಂಪ್ಯೂಟರಿಗೆ ಇಳಿಸುವ ಕಾರ್ಡ್‌ಗಳು ಅದರಲ್ಲಿ ಬಣ್ಣ ಕಳೆದುಕೊಳ್ಳುತ್ತವೆ. ಜಪಾನಿನ ಟೇಪಿಗೆ ನಿಜವಾದ ಎನ್‌ಟಿಎಸ್‌ಸಿ ಡೆಕ್ ಬೇಕು. ಜಪಾನಿನಿಂದ ತರಿಸಿದ ಡೆಕ್ 100 ವೋಲ್ಟಿನದು, ನಮ್ಮ 230 ವೋಲ್ಟ್ ಸಾಕೆಟ್ಟಿಗೆ ನೇರ ಹಾಕಿದರೆ ಆ ಕ್ಷಣವೇ ಸುಡುತ್ತದೆ. 100 ವೋಲ್ಟ್ ಕೊಡುವ, 100 ವಿಎ ಸಾಮರ್ಥ್ಯದ ಸ್ಟೆಪ್‌ಡೌನ್ ಟ್ರಾನ್ಸ್‌ಫಾರ್ಮರ್ ಒಂದು ಡೆಕ್‌ಗೆ ಸಾಕು. ಬೆಂಗಳೂರಿನ ಎಸ್‌ಪಿ ರಸ್ತೆಯಂಥ ಅಂಗಡಿಸಾಲಿನಲ್ಲಿ ಕೊಡುವುದು ಸಾಮಾನ್ಯವಾಗಿ 110 ವೋಲ್ಟಿನದು, ಕೇಳಿ 100ರದ್ದೇ ಮಾಡಿಸಿಕೊಳ್ಳಿ.

ಬ್ರೆಜಿಲ್‌ನ ಟೇಪು ಇನ್ನೊಂದು ಬಗೆ. ಅಲ್ಲಿನ ಪಾಲ್-ಎಂ ವ್ಯವಸ್ಥೆಯಲ್ಲಿ 525 ಗೆರೆ, 60 ಹರ್ಟ್ಸ್, ಆದರೆ ಬಣ್ಣ ಪಾಲ್ ರೀತಿಯದು. ಎನ್‌ಟಿಎಸ್‌ಸಿ ಡೆಕ್‌ನಲ್ಲಿ ಅದು ಕಪ್ಪುಬಿಳುಪಾಗಿ ಬರುತ್ತದೆ. ಟೇಪು ಕೆಟ್ಟಿದೆ ಎಂದು ತಿಳಿದು ಎಸೆಯಬೇಡಿ.

ಎಸ್-ವಿಎಚ್‌ಎಸ್ ದರ್ಜೆಯ ಡೆಕ್ ಸಿಕ್ಕರೆ ಅದನ್ನೇ ಆರಿಸಿ. ಎಸ್-ವಿಡಿಯೋ ಹೊರದಾರಿ ಇರುವುದರಿಂದ ಹೊಳಪು ಮತ್ತು ಬಣ್ಣ ಬೇರೆಬೇರೆಯಾಗಿ ಬರುತ್ತವೆ. ಜೆವಿಸಿಯ ಮೇಲ್ದರ್ಜೆಯ ಡೆಕ್‌ಗಳಲ್ಲಿ, ಪ್ಯಾನಸೋನಿಕ್ ಎಜಿ-1980ರಲ್ಲಿ ಟೈಮ್ ಬೇಸ್ ಕರೆಕ್ಟರ್ ಒಳಗೇ ಇದೆ. ಪ್ರತಿ ಗೆರೆಯ ಆರಂಭವನ್ನು ನೇರಕ್ಕೆ ತರುವುದು ಅದರ ಕೆಲಸ, ಅದಿಲ್ಲದಿದ್ದರೆ ಕಟ್ಟಡದ ಲಂಬ ಅಂಚುಗಳು ಅಲೆಯಾಡುತ್ತವೆ. ಎಜಿ-1980 ಕೊಳ್ಳುವಾಗ ಕೆಪಾಸಿಟರ್‌ಗಳನ್ನು ಬದಲಿಸಿದ್ದಾರೆಯೇ ಎಂದು ಕೇಳಿ, ಆ ಮಾದರಿಯಲ್ಲಿ ಅವು ಸೋರುವುದು ಪ್ರಸಿದ್ಧ. ಅಂಥ ಡೆಕ್ ಸಿಗದಿದ್ದರೆ ಸಾಮಾನ್ಯ ಡೆಕ್ ಮತ್ತು ಕಾರ್ಡಿನ ನಡುವೆ ಪ್ಯಾನಸೋನಿಕ್‌ನ ಡಿಎಂಆರ್-ಇಎಸ್10 ಅಥವಾ ಇಎಸ್15 ಡಿವಿಡಿ ರೆಕಾರ್ಡರ್ ಇಟ್ಟು ಅದರ ಮೂಲಕ ಸಿಗ್ನಲ್ ಹಾಯಿಸಿ, ಡಿಸ್ಕ್ ಬರೆಯಬೇಕಿಲ್ಲ. ಚಿತ್ರದ ತಲೆಭಾಗ ಒಂದು ಪಕ್ಕಕ್ಕೆ ಬಾಗಿ ಹರಿದಂತೆ ಕಾಣುವ ದೋಷವನ್ನು ಇದು ಬಹಳ ಚೆನ್ನಾಗಿ ಸರಿಪಡಿಸುತ್ತದೆ.

ಲೇಸರ್‌ಡಿಸ್ಕ್ ಇದ್ದರೆ ಲೆಕ್ಕ ಉಲ್ಟಾ. ಅದರಲ್ಲಿ ಮುದ್ರಿತವಾಗಿರುವುದೇ ಕಾಂಪೋಸಿಟ್ ಸಿಗ್ನಲ್, ಅಂದರೆ ಹೊಳಪು ಮತ್ತು ಬಣ್ಣ ಒಟ್ಟಿಗೆ ಬೆರೆತದ್ದು, ಎಸ್-ವಿಡಿಯೋ ಹೊರದಾರಿ ಎಂದರೆ ಪ್ಲೇಯರ್‌ನೊಳಗಿನ ಹಳೆಯ ಫಿಲ್ಟರ್ ಅದನ್ನು ಒಡೆದು ಕೊಟ್ಟದ್ದು. ಕಾಂಪೋಸಿಟ್‌ನಲ್ಲೇ ತೆಗೆದುಕೊಳ್ಳಿ.

ಕಾರ್ಡ್ ವಿಚಾರದಲ್ಲಿ, ಎನ್‌ಟಿಎಸ್‌ಸಿಗೆ ಐ-ಓ ಡೇಟಾದ ಜಿವಿ-ಯುಎಸ್‌ಬಿ2, ಪಾಲ್ ಟೇಪಿಗೂ ಬೇಕಿದ್ದರೆ ಹಾಪಾಗ್‌ನ ಯುಎಸ್‌ಬಿ-ಲೈವ್2 ಭರವಸೆಯವು. ಸಂಕುಚಿತ ಫೈಲನ್ನೇ ನೇರ ಕೊಡುವ ಸಾಧನಗಳನ್ನು ಬಿಡಿ. ಎಚ್‌ಡಿಎಂಐ ಪರಿವರ್ತಕ ಡಬ್ಬಿಗಳನ್ನು ಇನ್ನೂ ದೂರ ಇಡಿ, ಅವು ಸಾಮಾನ್ಯವಾಗಿ ಫೀಲ್ಡ್‌ಗಳನ್ನು (ಒಂದು ಫ್ರೇಮಿನ ಬೆಸ ಗೆರೆಗಳ ಮತ್ತು ಸಮ ಗೆರೆಗಳ ಎರಡು ಅರ್ಧಗಳನ್ನು) ಬೆರೆಸಿ ಹಾಕುತ್ತವೆ ಮತ್ತು ಬೆರೆತದ್ದನ್ನು ಆಮೇಲೆ ಬೇರ್ಪಡಿಸಲಾಗದು. ಹಳೆಯ ಡಿವಿ ಪರಿವರ್ತಕಗಳು ಎನ್‌ಟಿಎಸ್‌ಸಿಯಲ್ಲಿ ಬಣ್ಣದ ಮಾಹಿತಿಯನ್ನು ಅಡ್ಡಕ್ಕೆ ಕಾಲು ಭಾಗಕ್ಕೆ ಇಳಿಸುತ್ತವೆ. ಕಾಮೆನ್ ರೈಡರನ ಕೆಂಪು ಸ್ಕಾರ್ಫ್ ಆಚೀಚೆ ಸೋರಿದಂತೆ ಕಾಣುವುದು ಅದರಿಂದ.

ಸೆರೆಹಿಡಿಯುವ ಹೊತ್ತು

1. ಹೆಡ್ ಶುಚಿ ಮಾಡಿ. ಶೇ 99ರ ಐಸೋಪ್ರೊಪೈಲ್ ಆಲ್ಕೊಹಾಲ್‌ನಲ್ಲಿ ಅದ್ದಿದ ಷಾಮ್ವಾ ಚರ್ಮದ ತುಂಡನ್ನು ಡ್ರಮ್ಮಿಗೆ ಹಗುರಾಗಿ ಒತ್ತಿ ಹಿಡಿದು, ಇನ್ನೊಂದು ಕೈಯಲ್ಲಿ ಡ್ರಮ್ಮನ್ನು ತಿರುಗಿಸಿ. ಮೇಲೆಕೆಳಗೆ ಉಜ್ಜಿದರೆ ಹೆಡ್ಡಿನ ತುದಿ ಮುರಿಯುತ್ತದೆ. ಹತ್ತಿಕಡ್ಡಿ ಬೇಡವೇ ಬೇಡ.

2. ವರ್ಚುವಲ್‌ಡಬ್ ಅಥವಾ ಅಮಾರೆಕ್‌ಟಿವಿಯಲ್ಲಿ 720×480, ಸೆಕೆಂಡಿಗೆ 29.97 ಫ್ರೇಮ್, ವೈಯುವೈ2 ಬಣ್ಣಮಾದರಿ ಆರಿಸಿ. ಪಾಲ್ ಆದರೆ 720×576, 25 ಫ್ರೇಮ್. ಕೊಡೆಕ್ (ವಿಡಿಯೋ ಅದುಮುವ ವಿಧಾನ) ಹಫ್‌ವೈಯುವಿ ಅಥವಾ ಯುಟಿ ವಿಡಿಯೋ, ಎರಡೂ ಮಾಹಿತಿ ಕಳೆಯುವುದಿಲ್ಲ. ಗಂಟೆಗೆ ಸುಮಾರು 30 ಜಿಬಿ ಜಾಗ ಬೇಕು. ಧ್ವನಿ 48 ಕಿಲೋಹರ್ಟ್ಸ್, 16 ಬಿಟ್, ಸಂಕುಚಿತಗೊಳಿಸದ್ದು.

3. ಕಪ್ಪಿನ ಮಟ್ಟ ಹೊಂದಿಸಿ. ಜಪಾನಿನ ಎನ್‌ಟಿಎಸ್‌ಸಿಯಲ್ಲಿ ಕಪ್ಪು 0 ಐಆರ್‌ಇ (ವಿಡಿಯೋ ಸಿಗ್ನಲ್ ಮಟ್ಟದ ಅಳತೆ), ಅಮೆರಿಕದ್ದರಲ್ಲಿ 7.5. ಅಮೆರಿಕದ ಲೆಕ್ಕದಲ್ಲಿ ಓದುವ ಕಾರ್ಡ್ ಜಪಾನಿ ಟೇಪಿನ ನೆರಳುಗಳನ್ನೆಲ್ಲ ಒಂದೇ ಕಪ್ಪಾಗಿ ನುಂಗುತ್ತದೆ. ರಾತ್ರಿಯ ದೃಶ್ಯದ ಕಾಳಗ, ಕಪ್ಪು ಉಡುಪಿನ ಖಳರ ದಂಡು ಇವೆಲ್ಲ ಹೋಗುವುದು ಹೀಗೆ. ಹಿಸ್ಟೋಗ್ರಾಮ್ (ಹೊಳಪಿನ ಹಂಚಿಕೆಯ ನಕ್ಷೆ) ತೆರೆದು ಕತ್ತಲ ದೃಶ್ಯದಲ್ಲಿ ಕಪ್ಪು 16ಕ್ಕಿಂತ ಕೆಳಗೆ, ಬೆಳಕಿನ ದೃಶ್ಯದಲ್ಲಿ ಬಿಳಿ 235ಕ್ಕಿಂತ ಮೇಲೆ ಹೋಗದಂತೆ ಬ್ರೈಟ್‌ನೆಸ್, ಕಾಂಟ್ರಾಸ್ಟ್ ಹೊಂದಿಸಿ. ಅಂಚಿನ ಕಪ್ಪುಪಟ್ಟಿ ಲೆಕ್ಕ ಕೆಡಿಸುತ್ತದೆ, ಅಳತೆಗೆ ಮಾತ್ರ ಅದನ್ನು ಕತ್ತರಿಸಿ ನೋಡಿ.

4. ಡೆಕ್‌ನ ಶಾರ್ಪ್‌ನೆಸ್ ವರ್ಧನೆಗಳನ್ನೆಲ್ಲ ಆಫ್ ಮಾಡಿ. "ಎಡಿಟ್" ಎಂಬ ಆಯ್ಕೆ ಇದ್ದರೆ ಅದರಲ್ಲಿಡಿ. 3 ಬಾಯ್ ಟೇಪಿಗೆ ಆಟೋ ಟ್ರ್ಯಾಕಿಂಗ್ ನೆಚ್ಚದೆ ಕೈಯಿಂದಲೇ ಹೊಂದಿಸಿ, ಒಂದೇ ಟೇಪಿನಲ್ಲಿ ಬೇರೆಬೇರೆ ಡೆಕ್‌ನ ಮುದ್ರಣ ಇದ್ದರೆ ಪ್ರತಿ ಕಾರ್ಯಕ್ರಮಕ್ಕೂ ಮತ್ತೆ ಹೊಂದಿಸಬೇಕಾಗುತ್ತದೆ. ಒಂದು ಡೆಕ್ ಒಲಿಯದಿದ್ದರೆ ಇನ್ನೊಂದರಲ್ಲಿ ನೋಡಿ, ದುಬಾರಿ ಡೆಕ್ ಸೋತ ಟೇಪನ್ನು ಅಗ್ಗದ ಡೆಕ್ ಓದುವುದು ಅಪರೂಪವಲ್ಲ.

5. ಯುಎಸ್‌ಬಿ ಹಬ್ ಬಳಸದೆ ನೇರ ಪೋರ್ಟಿಗೆ ಚುಚ್ಚಿ, ಎಸ್‌ಎಸ್‌ಡಿಗೆ ಬರೆಯಿರಿ. ಓಡುವಾಗ ಬಿಟ್ಟುಹೋದ ಮತ್ತು ಸೇರಿಸಿದ ಫ್ರೇಮುಗಳ ಸಂಖ್ಯೆ ಗಮನಿಸಿ. ಚಿತ್ರ ಸ್ವಚ್ಛವಿರುವಾಗಲೂ ಅದು ಏರುತ್ತಿದ್ದರೆ ದೋಷ ಕಂಪ್ಯೂಟರಿನದು, ಚಿತ್ರ ಹರಿದಾಗ ಮಾತ್ರ ಏರಿದರೆ ಟೈಮ್ ಬೇಸ್ ತೊಂದರೆ. ಹಾಗೆಯೇ ಬಿಟ್ಟರೆ ಧ್ವನಿ ತುಟಿಗಿಂತ ಹಿಂದೆ ಬೀಳುತ್ತಾ ಹೋಗುತ್ತದೆ.

ಟೇಪು ಮುಗಿಯುವ ತನಕ ನಿಲ್ಲಿಸಬೇಡಿ. ಕಂತು ಮುಗಿದ ಮೇಲಿನ ಅರ್ಧ ನಿಮಿಷದಲ್ಲೇ ಕೇಂದ್ರದ ಪ್ರಕಟಣೆ ಇರುತ್ತದೆ, ಎರಡು ಮುದ್ರಣಗಳ ನಡುವಿನ ಸಂದಿಯಲ್ಲಿ ಇನ್ನೂ ಹಳೆಯ ಮುದ್ರಣದ ಚೂರು ಉಳಿದಿರುತ್ತದೆ. ಚಿತ್ರದ ಬುಡದಲ್ಲಿ ಕಾಣುವ ಹೆಡ್ ಬದಲಾವಣೆಯ ಗದ್ದಲವನ್ನು ಮೂಲ ಪ್ರತಿಯಲ್ಲಿ ಮುಚ್ಚಬೇಡಿ. 1960-70ರ ದಶಕದ ಧಾರಾವಾಹಿಗಳು ಮೋನೋ ಆದರೂ ಎರಡೂ ಚಾನೆಲ್ ತೆಗೆದುಕೊಳ್ಳಿ, ಒಂದರಲ್ಲಿ ಗದ್ದಲ ಕಡಿಮೆ ಇರಬಹುದು.

ಟೇಪು ತುಂಬ ಅಪರೂಪದ್ದಾದರೆ ಮೂರು ಬಾರಿ ಸೆರೆಹಿಡಿಯಿರಿ. ಮೂರನ್ನೂ ಫ್ರೇಮಿಗೆ ಫ್ರೇಮು ಹೊಂದಿಸಿ ಪ್ರತಿ ಬಿಂದುವಿನಲ್ಲೂ ನಡುವಿನ ಬೆಲೆಯನ್ನು ಆರಿಸಿದರೆ, ಒಂದೊಂದು ಓಟದಲ್ಲಿ ಮಾತ್ರ ಬಂದ ಗೆರೆಗಳೂ ಚುಕ್ಕಿಗಳೂ ಮಾಯವಾಗುತ್ತವೆ. ಟೇಪಿನ ಲೇಪನವೇ ಕಿತ್ತುಹೋದ ಕಡೆ ಮಾತ್ರ ಇದು ಕೆಲಸ ಮಾಡದು. ಅದೇ ಪ್ರಸಾರವನ್ನು ಬೇರೊಬ್ಬರು ಮುದ್ರಿಸಿದ ಟೇಪು ಸಿಕ್ಕರೆ ಆ ಜಾಗಗಳೂ ತುಂಬುತ್ತವೆ. ಒಂದೇ ಪ್ರಸಾರದ ಎರಡನೇ ಟೇಪನ್ನು "ಇದು ಆಗಲೇ ಇದೆ" ಎಂದು ಯಾರೂ ತಳ್ಳಿಹಾಕಬಾರದು.

ಹೆಡ್ಡಿನಿಂದಲೇ ಸಿಗ್ನಲ್ ತೆಗೆಯುವುದು

ಈಗ ಇದಕ್ಕಿಂತ ಮೇಲಿನ ವಿಧಾನವೊಂದಿದೆ. ಡೆಕ್‌ನೊಳಗಿನ ಹೆಡ್ ಆಂಪ್ಲಿಫೈಯರ್‌ನ ಪರೀಕ್ಷಾ ಬಿಂದುವಿಗೆ ತಂತಿ ಬೆಸೆದು, ಟೇಪಿನ ಆರ್‌ಎಫ್ ಸಿಗ್ನಲನ್ನೇ (ಹೆಡ್ ಓದಿದ ಕಚ್ಚಾ ಸಿಗ್ನಲ್) ಡಿಜಿಟಲ್ ಮಾಡಿ, ವಿಡಿಯೋ ರೂಪಿಸುವ ಎಲ್ಲ ಕೆಲಸವನ್ನೂ ಸಾಫ್ಟ್‌ವೇರಿಗೆ ಬಿಡುವುದು. ವಿಎಚ್‌ಎಸ್-ಡಿಕೋಡ್ ಎಂಬ ಮುಕ್ತ ತಂತ್ರಾಂಶ ಇದನ್ನು ಮಾಡುತ್ತದೆ. ಲೇಸರ್‌ಡಿಸ್ಕ್‌ಗಾಗಿ ಬರೆದ ಎಲ್‌ಡಿ-ಡಿಕೋಡ್‌ನಿಂದ ಬೆಳೆದದ್ದು ಅದು. ಇಲ್ಲಿ ಟೈಮ್ ಬೇಸ್ ಕರೆಕ್ಟರ್ ಬೇಕಿಲ್ಲ, ಒಳ್ಳೆಯ ಯಾಂತ್ರಿಕ ಸ್ಥಿತಿಯಲ್ಲಿರುವ ಸಾಧಾರಣ ಡೆಕ್ ಸಾಕು. ಸಿಗ್ನಲ್ ಹಿಡಿಯಲು 40 ಮೆಗಾಹರ್ಟ್ಸ್, 10 ಬಿಟ್‌ನ ಡೂಮ್ಸ್‌ಡೇ ಡೂಪ್ಲಿಕೇಟರ್ ಫಲಕ ಬಳಸಬಹುದು. ಅಗ್ಗದಲ್ಲಿ ಮುಗಿಸಬೇಕಿದ್ದರೆ ಸಿಎಕ್ಸ್2388 ಚಿಪ್‌ನ ಹಳೆಯ ಟಿವಿ ಟ್ಯೂನರ್ ಕಾರ್ಡನ್ನು ಲಿನಕ್ಸ್‌ನಲ್ಲಿ ಸಿಎಕ್ಸ್‌ಎಡಿಸಿ ಡ್ರೈವರ್‌ನೊಂದಿಗೆ ಓಡಿಸಬಹುದು, ಸುಮಾರು 28.6 ಮೆಗಾಹರ್ಟ್ಸ್, 8 ಬಿಟ್. ಎರಡನೆಯದರಲ್ಲೂ ಗಂಟೆಗೆ ಸುಮಾರು 100 ಜಿಬಿ ಆಗುತ್ತದೆ. ಫ್ಲ್ಯಾಕ್‌ನಲ್ಲಿ ಅದುಮಿಟ್ಟರೆ ಗಣನೀಯವಾಗಿ ಇಳಿಯುತ್ತದೆ.

ಬೆಸುಗೆ ಹಾಕಲು ಬರುವವರಿಗೆ ಮಾತ್ರ ಇದು. ಡೆಕ್‌ನ ವಿದ್ಯುತ್ ಭಾಗದಲ್ಲಿ ಪ್ಲಗ್ ಕಿತ್ತ ಮೇಲೂ ವೋಲ್ಟೇಜ್ ಉಳಿದಿರುತ್ತದೆ. ಆದರೆ ಒಂದೇ ಒಂದು ಬಾರಿ ಓಡುವ ಸ್ಥಿತಿಯಲ್ಲಿರುವ ಟೇಪಿಗೆ ಇದರಷ್ಟು ಒಳ್ಳೆಯ ದಾರಿ ಇನ್ನೊಂದಿಲ್ಲ. ಸಾಫ್ಟ್‌ವೇರ್ ಸುಧಾರಿಸಿದಂತೆ ಅದೇ ಫೈಲಿನಿಂದ ಇನ್ನೂ ಒಳ್ಳೆಯ ಚಿತ್ರ ಬರುತ್ತದೆ, ಟೇಪನ್ನು ಮತ್ತೆ ಮುಟ್ಟಬೇಕಿಲ್ಲ.

ನೋಡುವ ಪ್ರತಿ

ಸೆರೆಹಿಡಿದ ಮೂಲವನ್ನು ಮೊದಲು ಎಫ್‌ಎಫ್‌ವಿ1 ಕೊಡೆಕ್‌ನ ಎಂಕೆವಿ ಫೈಲಾಗಿ ಬದಲಿಸಿ. ಆವೃತ್ತಿ 3, ಪ್ರತಿ ಫ್ರೇಮೂ ಸ್ವತಂತ್ರ, ಸ್ಲೈಸ್ ಸಿಆರ್‌ಸಿ ಆನ್ ಇರಲಿ. ಮುಂದೆ ಡಿಸ್ಕ್ ಕೆಟ್ಟು ಒಂದು ಬಿಟ್ ಬದಲಾದರೂ ಯಾವ ಫ್ರೇಮಿನಲ್ಲಿ ಎಂದು ತಿಳಿಯುತ್ತದೆ. ಶುದ್ಧೀಕರಣ ಎಲ್ಲವೂ ಇದರ ನಕಲಿನ ಮೇಲೆ ಮಾತ್ರ.

ಹೆಚ್ಚು ಜನ ಎಡವುವುದು ಮುಂದಿನ ಹೆಜ್ಜೆಯಲ್ಲಿ. ಧಾರಾವಾಹಿ ಫಿಲ್ಮಿನದ್ದು, ಸೆಕೆಂಡಿಗೆ 24 ಚಿತ್ರ. ಟಿವಿ ಸೆಕೆಂಡಿಗೆ 60 ಫೀಲ್ಡ್ ಕೇಳುತ್ತದೆ. ಆದ್ದರಿಂದ ಒಂದು ಚಿತ್ರವನ್ನು ಮೂರು ಫೀಲ್ಡ್‌ಗೆ, ಮುಂದಿನದನ್ನು ಎರಡಕ್ಕೆ ಹರಡಿ ಪ್ರಸಾರ ಮಾಡುತ್ತಿದ್ದರು. ಟೇಪಿನಲ್ಲಿ ಒಂದೊಂದೇ ಫ್ರೇಮ್ ಸರಿಸಿ ನೋಡಿದರೆ ಮೂರು ಶುದ್ಧ, ಎರಡು ಬಾಚಣಿಗೆ ಹಲ್ಲಿನವು ಎಂಬ ಲಯ ಕಾಣುತ್ತದೆ. ಇದಕ್ಕೆ ಬೇಕಾದ್ದು ಡಿಇಂಟರ್‌ಲೇಸ್ (ಫೀಲ್ಡ್‌ಗಳ ನಡುವಿನ ಗೆರೆಗಳನ್ನು ತುಂಬಿಸಿ ಪೂರ್ಣ ಚಿತ್ರ ಮಾಡುವುದು) ಅಲ್ಲ, ಫೀಲ್ಡ್‌ಗಳನ್ನು ಮರುಜೋಡಿಸಿ ಪುನರಾವರ್ತನೆ ಕಳಚುವುದು. ಎವಿಸಿಂತ್ ಎಂಬ ತಂತ್ರಾಂಶದಲ್ಲಿ ಟಿಎಫ್‌ಎಂ, ಬಳಿಕ ಟಿಡೆಸಿಮೇಟ್ ಫಿಲ್ಟರ್ ಹಾಕಿದರೆ 23.976 ಫ್ರೇಮ್‌ನ ಮೂಲ ಫಿಲ್ಮ್ ಲಯ ಮರಳುತ್ತದೆ. ಫಿಲ್ಮ್ ದೃಶ್ಯಕ್ಕೆ ಸಾದಾ ಡಿಇಂಟರ್‌ಲೇಸ್ ಹಾಕಿದರೆ ಅರ್ಧ ವಿವರ ಹೋಗುತ್ತದೆ, ಹಾರಿ ಒದೆಯುವ ರೈಡರ್ ತಡವರಿಸುತ್ತಾನೆ.

ಆದರೆ ಪೂರ್ತಿ ಟೇಪಿಗೆ ಒಂದೇ ಸೂತ್ರ ಹಾಕಬೇಡಿ. ಸುದ್ದಿಪಟ್ಟಿ, ಗಡಿಯಾರ, ವಿಡಿಯೋದಲ್ಲೇ ಮಾಡಿದ ಜಾಹೀರಾತುಗಳು ನಿಜವಾದ 60 ಫೀಲ್ಡ್‌ನವು, ಅವಕ್ಕೆ ಕ್ಯೂಟಿಜಿಎಂಸಿ ಎಂಬ ಡಿಇಂಟರ್‌ಲೇಸ್ ಫಿಲ್ಟರ್ ಬಳಸಿ. ಧಾರಾವಾಹಿಯ ಕಾಲವೂ ತಿಳಿದಿರಲಿ. ಗೊರೆಂಜರ್‌ನಿಂದ ಶುರುವಾದ ಸೂಪರ್ ಸೆಂಟಾಯ್ ಸರಣಿ 2008ರ ಗೋ-ಆಂಜರ್‌ವರೆಗೆ 16 ಮಿ.ಮೀ. ಫಿಲ್ಮಿನಲ್ಲೇ ಇತ್ತು, ಕಾಮೆನ್ ರೈಡರ್ ಮಾತ್ರ 2000ದ ಕೂಗಾದಿಂದಲೇ ವಿಡಿಯೋಗೆ ಹೋಯಿತು. ಫೀಲ್ಡ್ ಕ್ರಮ ತಪ್ಪಿದ್ದರೆ ಚಲನೆ ಎರಡು ಹೆಜ್ಜೆ ಮುಂದೆ ಒಂದು ಹೆಜ್ಜೆ ಹಿಂದೆ ಎಂಬಂತೆ ನಡುಗುತ್ತದೆ. ಡಿವಿ ಫೈಲುಗಳಲ್ಲಿ ಕೆಳಗಿನ ಫೀಲ್ಡ್ ಮೊದಲು ಎಂಬುದನ್ನು ಮರೆಯಬೇಡಿ.

ಗದ್ದಲ ತೆಗೆಯುವುದರಲ್ಲಿ ಕೈ ಬಿಗಿ ಇರಲಿ. 16 ಮಿ.ಮೀ. ಫಿಲ್ಮಿನ ಕಣಗಳು ಚಿತ್ರದ ಭಾಗವೇ. ಕೃತಕ ಬುದ್ಧಿಮತ್ತೆಯಿಂದ ಹಿಗ್ಗಿಸಿದ ಪ್ರತಿಗಳಲ್ಲಿ ಮುಖವಾಡದ ಜೇನುಕಣ್ಣಿನ ಜಾಲರಿ, ಉಡುಪಿನ ಹೊಲಿಗೆ, ಮಾದರಿ ಕಟ್ಟಡಗಳ ಕಿಟಕಿ ಎಲ್ಲವೂ ಯಂತ್ರ ಊಹಿಸಿದ ಆಕಾರಗಳಾಗುತ್ತವೆ. ಅದನ್ನು ಸಂರಕ್ಷಣೆ ಎಂದು ಕರೆಯಲಾಗದು. ನೋಡುವ ಪ್ರತಿಗೆ ಎಕ್ಸ್264ರಲ್ಲಿ ಸಿಆರ್‌ಎಫ್ (ಗುಣಮಟ್ಟದ ಮಟ್ಟ) 18, 4:3 ಅನುಪಾತ, ಇಷ್ಟು ಸಾಕು.

ಡಬ್ಬಿಂಗ್ ಧ್ವನಿಯನ್ನು ಶುದ್ಧ ಚಿತ್ರಕ್ಕೆ ಹೊಂದಿಸುವುದು

ಟೇಪಿನಲ್ಲಿ ಡಬ್ಬಿಂಗ್ ಮಾತ್ರ ಅಮೂಲ್ಯವಾಗಿದ್ದು, ಚಿತ್ರ ನಿಮ್ಮಲ್ಲಿರುವ ಡಿವಿಡಿಯಲ್ಲೇ ಚೆನ್ನಾಗಿದ್ದರೆ ಧ್ವನಿಯನ್ನು ಅದಕ್ಕೆ ಜೋಡಿಸಬಹುದು. ಪಾಲ್ ದೇಶಗಳಲ್ಲಿ ಫಿಲ್ಮನ್ನು ಸೆಕೆಂಡಿಗೆ 25 ಚಿತ್ರದಂತೆ ಓಡಿಸಿದ್ದರೆ ಎಲ್ಲವೂ ಶೇ 4ರಷ್ಟು ವೇಗ, ಸ್ವರವೂ ಅಷ್ಟು ಎತ್ತರ. 25 ನಿಮಿಷದ ಕಂತು 24 ನಿಮಿಷಕ್ಕೆ ಮುಗಿಯುತ್ತದೆ. ಎನ್‌ಟಿಎಸ್‌ಸಿ ಟೇಪಿನಿಂದ ಪರಿವರ್ತಿಸಿ ಪ್ರಸಾರ ಮಾಡಿದ್ದರೆ ಅವಧಿ ಬದಲಾಗದು. ಊಹಿಸದೆ ಅಳೆಯಿರಿ. ಆರಂಭದ ಮತ್ತು ಕೊನೆಯ ಎರಡು ಸ್ಪಷ್ಟ ಸದ್ದುಗಳ, ಬಾಗಿಲು ಬಡಿತವೋ ಸ್ಫೋಟವೋ, ನಡುವಿನ ಅಂತರವನ್ನು ಎರಡೂ ಪ್ರತಿಗಳಲ್ಲಿ ನೋಡಿ. ಟೇಪಿನ ಅಂತರವನ್ನು ಡಿವಿಡಿಯ ಅಂತರದಿಂದ ಭಾಗಿಸಿದಾಗ 0.959 ಬಂದರೆ ಪಾಲ್ ವೇಗ, ಸ್ವರ ಸಮೇತ ನಿಧಾನಿಸಬೇಕು. 1 ಬಂದರೆ ಬರೀ ಸರಿಸಬೇಕು. ನಡುವಿನ ಯಾವುದೋ ಸಂಖ್ಯೆ ಬಂದರೆ ಪ್ರಸಾರದಲ್ಲಿ ದೃಶ್ಯ ಕತ್ತರಿಸಿದ್ದಾರೆ ಎಂದರ್ಥ, ತುಂಡು ತುಂಡಾಗಿ ಹೊಂದಿಸಿ. ಆ ಕತ್ತರಿಗಳ ಪಟ್ಟಿಯನ್ನೂ ಬರೆದಿಡಿ, ಯಾವ ದೇಶದಲ್ಲಿ ಏನನ್ನು ಮಕ್ಕಳಿಗೆ ತೋರಿಸಲಿಲ್ಲ ಎಂಬುದಕ್ಕೆ ಅದೇ ದಾಖಲೆ.

ಕನ್ನಡದಲ್ಲಿ ಸಬ್‌ಟೈಟಲ್ ಮಾಡುವವರು ಏಜಿಸಬ್‌ನಲ್ಲಿ ಯುಟಿಎಫ್-8ರಲ್ಲೇ ಉಳಿಸಿ, ನೋಟೋ ಸಾನ್ಸ್ ಕನ್ನಡದಂಥ ಮುಕ್ತ ಫಾಂಟನ್ನು ಎಂಕೆವಿಯೊಳಗೇ ಸೇರಿಸಿ. ಇಲ್ಲದಿದ್ದರೆ ನೋಡುವವರ ಯಂತ್ರದಲ್ಲಿ ಒತ್ತಕ್ಷರಗಳು ಒಡೆದು ಬೀಳಬಹುದು. ಚಿತ್ರದ ಮೇಲೆ ಅಚ್ಚೊತ್ತಬೇಡಿ.

ದಾಖಲೆ ಮತ್ತು ಪ್ರತಿಗಳು

ವಿವರಣೆ ಇಲ್ಲದ ವಿಡಿಯೋ ಫೈಲ್ ಹತ್ತು ವರ್ಷದಲ್ಲಿ ಯಾರಿಗೂ ಬೇಡದ್ದಾಗುತ್ತದೆ. ಪ್ರತಿ ಟೇಪಿಗೆ ಒಂದು ಪಠ್ಯ ಫೈಲ್ ಇರಲಿ: ಧಾರಾವಾಹಿ, ಜಪಾನಿನ ಮೂಲ ಕಂತುಸಂಖ್ಯೆ, ಡಬ್ಬಿಂಗ್ ಆಗಿದ್ದರೆ ಅಲ್ಲಿನ ಸಂಖ್ಯೆ, ಪ್ರಸಾರದ ದಿನ ಮತ್ತು ಅದು ತಿಳಿದದ್ದು ಹೇಗೆ, ಟೇಪಿನ ಬಗೆ ಮತ್ತು ವೇಗ, ಡೆಕ್, ಕಾರ್ಡ್, ತಂತ್ರಾಂಶದ ಆವೃತ್ತಿ, ಗಡಿಯಾರದ ಸಮಯದೊಂದಿಗೆ ಜಾಹೀರಾತುಗಳ ಪಟ್ಟಿ.

ವಾಹಿನಿಯ ಹೆಸರು ಬರೆಯುವಾಗ ತಯಾರಿಸಿದ ಕೇಂದ್ರ, ಪ್ರಸಾರ ಮಾಡಿದ ಕೇಂದ್ರ ಎರಡನ್ನೂ ಕೊಡಿ. ಕಾಮೆನ್ ರೈಡರ್ ಒಸಾಕಾದ ಎಂಬಿಎಸ್‌ನದು, ಟೋಕಿಯೋದಲ್ಲಿ ಅದನ್ನು ತೋರಿಸುತ್ತಿದ್ದುದು ಎನ್‌ಇಟಿ, ಅಂದರೆ ಇಂದಿನ ಟಿವಿ ಅಸಾಹಿ. 1975ರ ವಸಂತದಲ್ಲಿ ಎಂಬಿಎಸ್ ಜಾಲ ಬದಲಿಸಿ ಟಿಬಿಎಸ್ ಜೊತೆ ಹೋದಾಗ ರೈಡರ್ ಕೂಡ ಅಲ್ಲಿಗೆ ಹೋಯಿತು. ಖಾಲಿಯಾದ ಎನ್‌ಇಟಿಗಾಗಿ ಹುಟ್ಟಿದ್ದು ಗೊರೆಂಜರ್. ಈ ಒಂದು ಬದಲಾವಣೆ ಗೊತ್ತಿದ್ದರೆ ಟೇಪಿನಲ್ಲಿ ಕಾಣುವ ಕೇಂದ್ರದ ಹೆಸರು ನೋಡಿ ಎಷ್ಟೋ ಮರುಪ್ರಸಾರಗಳನ್ನು ಗುರುತಿಸಬಹುದು.

ಕ್ಯಾಸೆಟ್ ಲೇಬಲ್, ಪೆಟ್ಟಿಗೆ, ಒಳಗಿನ ಚೀಟಿಗಳನ್ನು 600 ಡಿಪಿಐನಲ್ಲಿ ಸ್ಕ್ಯಾನ್ ಮಾಡಿ. ಟೆರೆಬಿ ಮ್ಯಾಗಜೀನ್, ಉಚುಸೆನ್‌ನಂಥ ಪತ್ರಿಕೆಗಳ ಹಾಳೆಗೂ ಇದೇ ಅಳತೆ. ಹಿಂಬದಿಯ ಅಚ್ಚು ಕಾಣದಂತೆ ಹಾಳೆಯ ಹಿಂದೆ ಕಪ್ಪು ಕಾಗದ ಇಡಿ. ಲೇಬಲ್ ಮೇಲೆ ಮೂಲ ಒಡೆಯರ ಹೆಸರು, ವಿಳಾಸ ಇದ್ದರೆ ಸಾರ್ವಜನಿಕ ಪ್ರತಿಯಲ್ಲಿ ಮುಚ್ಚಿ.

ಫೈಲಿನ ಹೆಸರಲ್ಲಿ ಇಂಗ್ಲಿಷ್ ಅಕ್ಷರ, ಅಂಕಿ, ಅಡಿಗೆರೆ ಬಿಟ್ಟು ಬೇರೇನೂ ಬೇಡ. ಜಪಾನಿ, ಕನ್ನಡ ಹೆಸರುಗಳು ವಿವರಣೆಯೊಳಗೆ ಇರಲಿ. ಪ್ರತಿ ಫೈಲಿಗೂ ಎಸ್‌ಎಚ್‌ಎ-256 ಹ್ಯಾಶ್ (ಫೈಲಿನ ಬೆರಳಚ್ಚಿನಂಥ ಸಂಖ್ಯೆ) ಮಾಡಿ ಜೊತೆಗಿಡಿ. ಮೂರು ಪ್ರತಿ, ಎರಡು ಬಗೆಯ ಮಾಧ್ಯಮ, ಒಂದು ಬೇರೆ ಊರಿನಲ್ಲಿ. ವರ್ಷಕ್ಕೊಮ್ಮೆ ಹಾರ್ಡ್ ಡಿಸ್ಕ್ ಓಡಿಸಿ ಹ್ಯಾಶ್ ತಾಳೆ ನೋಡಿ. ಡಿಜಿಟಲ್ ಆಯಿತೆಂದು ಟೇಪನ್ನು ಎಸೆಯಬೇಡಿ, ತಂಪಾದ ಒಣ ಕಪಾಟಿನಲ್ಲಿ ನೆಟ್ಟಗೆ ನಿಲ್ಲಿಸಿಡಿ.

ಇಂಟರ್ನೆಟ್ ಆರ್ಕೈವ್‌ಗೆ ಏರಿಸುವುದಾದರೆ ಜಾಹೀರಾತು, ಪ್ರಕಟಣೆ, ಝಲಕ್‌ಗಳನ್ನು ಪ್ರತ್ಯೇಕ ವಸ್ತುವಾಗಿ ಏರಿಸಿ. ಹಕ್ಕುದಾರರ ದೂರಿನಿಂದ ಪೂರ್ತಿ ಕಂತು ಹೋದರೂ ಇವು ಜೊತೆಗೆ ಕೊಚ್ಚಿಹೋಗುವ ಸಾಧ್ಯತೆ ಕಡಿಮೆಯಾಗುತ್ತದೆ. ಅದೊಂದೇ ತಾಣವನ್ನು ನಂಬಬೇಡಿ.

ಜಪಾನಿ ಅಭಿಮಾನಿಗಳ ಹಳೆಯ ಪುಟಗಳೂ ಇದೇ ಪಟ್ಟಿಗೆ ಸೇರುತ್ತವೆ. ಯಾವ ಪ್ರಾಂತ್ಯದಲ್ಲಿ ಯಾವ ವಾರ ಯಾವ ಕಂತು ಮರುಪ್ರಸಾರವಾಯಿತೆಂಬ ಪಟ್ಟಿಗಳನ್ನು ಅವರು ಸ್ವಂತ ಪುಟಗಳಲ್ಲಿ ಹಾಕಿದ್ದರು. ಯಾಹೂ ಜಪಾನ್ ತನ್ನ ಜಿಯೋಸಿಟೀಸ್ ಸೇವೆಯನ್ನು 2019ರ ಮಾರ್ಚ್ 31ರಂದು ಮುಚ್ಚಿದಾಗ ಅಂಥ ಪುಟಗಳ ದೊಡ್ಡ ಭಾಗ ಮೂಲದಲ್ಲಿ ಇಲ್ಲವಾಯಿತು. ಹಳೆಯ ವಿಳಾಸ ಗೊತ್ತಿದ್ದರೆ ವೇಬ್ಯಾಕ್ ಮಷೀನ್‌ನಲ್ಲಿ ಹುಡುಕಿ. ಇನ್ನೂ ಜೀವಂತ ಇರುವ ಪುಟವನ್ನು ಇಂದೇ ಅಲ್ಲಿ ಉಳಿಸಿ, ನಿಮ್ಮಲ್ಲಿ ವಾರ್ಕ್ (ಜಾಲಪುಟ ಸಂಗ್ರಹಿಸುವ ಫೈಲ್ ಬಗೆ) ರೂಪದಲ್ಲೂ ಇಟ್ಟುಕೊಳ್ಳಿ. ಅಕ್ಷರಗಳು ಕಲಸಿ ಕಂಡರೆ ಪುಟ ಕೆಟ್ಟಿಲ್ಲ, ಅದು ಷಿಫ್ಟ್-ಜಿಸ್ ಅಥವಾ ಇಯುಸಿ-ಜೆಪಿ ಸಂಕೇತದಲ್ಲಿದೆ. ಬ್ರೌಸರಿನಲ್ಲಿ ಸಂಕೇತ ಬದಲಿಸಿ ಓದಿ, ಆದರೆ ಉಳಿಸುವಾಗ ಯುನಿಕೋಡ್‌ಗೆ ಪರಿವರ್ತಿಸದೆ ಬಂದ ಬೈಟುಗಳನ್ನು ಹಾಗೆಯೇ ಇಡಿ.